ಅವಧಿ ಮುಗಿದ ಕುರ್ಚಿ

ನಾವಿರುವ ಇಂದಿರಾಪುರಂನಲ್ಲಿ ಬಡಾವಣೆಗಳ ಹೆಸರುಗಳೇ ನೀತಿಪಾಠದಂತಿವೆ: ನ್ಯಾಯ ಖಂಡ, ನೀತಿ ಖಂಡ, ಜ್ಞಾನ ಖಂಡ, ಅಹಿಂಸಾ ಖಂಡ. ಇಂಥ ಹೆಸರುಗಳ ನಡುವೆ ವಾಸಮಾಡುತ್ತಲೇ ನಾನೊಂದು ಅಕ್ರಮದಲ್ಲಿ ಭಾಗಿಯಾದೆ. ನಮ್ಮ ವಸತಿ ಸಮುಚ್ಚಯದ ಆಡಳಿತ ಸಮಿತಿಯಲ್ಲಿ ನಾನೂ ಇದ್ದೆ. ಅವಧಿ ಮುಗಿದ ಮೇಲೂ ಚುನಾವಣೆ ನಡೆಸದೆ ಹದಿನಾಲ್ಕು ತಿಂಗಳು ಕುಳಿತೆವು. ಹಣ ತಿಂದವರು ಯಾರೂ ಇರಲಿಲ್ಲ. ಲಿಫ್ಟಿನ ದುರಸ್ತಿ ಅರ್ಧಕ್ಕೆ ನಿಂತಿತ್ತು. ಅದನ್ನು ಮುಗಿಸಿಯೇ ಇಳಿಯೋಣವೆಂಬುದು ನಮ್ಮ ವಾದ.

ನಮ್ಮ ಕಟ್ಟಡದಲ್ಲಿ ಗದಗಿನ ಕಡೆಯ ಹಿರಿಯರೊಬ್ಬರಿದ್ದರು. ತಿಂಗಳಿಗೊಮ್ಮೆ ಬಂದು ವಿಚಾರಿಸುವರು. ಒಮ್ಮೆ ನಾನು ಲೆಕ್ಕದ ಪುಸ್ತಕವನ್ನೇ ಬಿಡಿಸಿ ಮುಂದಿಟ್ಟೆ. “ಲೆಕ್ಕ ಛಲೋ ಐತಿ ತಮ್ಮಾ. ನಾ ಕೇಳಿದ್ದು ಲೆಕ್ಕ ಅಲ್ಲ, ಎಲೆಕ್ಷನ್ ಯಾವಾಗ ಅಂತ ಕೇಳಿದೆ” ಎಂದರು. 1905ರಲ್ಲಿ ಸಿದ್ಧನಗೌಡ ಸಣ್ಣರಾಮನಗೌಡ ಪಾಟೀಲರು ಸಹಕಾರಿ ಸಂಘ ಕಟ್ಟಿದ ಕಣಗಿನಹಾಳ ಅವರ ಸೀಮೆಯದೇ ಊರು. ಆ ಅಭಿಮಾನ ಅವರ ಮಾತಿನಲ್ಲಿತ್ತು.

ಒಳ್ಳೆಯ ಕೆಲಸ ಮಾಡುತ್ತಿರುವವರು ಅವಧಿ ಮೀರಿ ಕುಳಿತರೆ ಯಾರಿಗೇನು ನಷ್ಟ? 2020ರಲ್ಲಿ ಕೋವಿಡ್ ಬಂದಾಗ ಹಲವು ರಾಜ್ಯಗಳು ಸಹಕಾರಿ ಸಂಘಗಳ ಚುನಾವಣೆಗಳನ್ನು ಮುಂದೂಡಿದವು. ಜನ ಸೇರುವುದೇ ಅಪಾಯವಾಗಿದ್ದಾಗ ಅದು ತಪ್ಪಾಗಲಾರದು. ಆದರೆ ಲಿಫ್ಟಿಗೆ ಕೊನೆಯೆಂಬುದಿಲ್ಲ. ಅದಾದ ಮೇಲೆ ನೀರಿನ ಟ್ಯಾಂಕು, ಆಮೇಲೆ ಬಣ್ಣ. ತನ್ನ ಕುರ್ಚಿಯ ಆಯುಷ್ಯವನ್ನು ತಾನೇ ನಿರ್ಧರಿಸುವವನಿಗೆ ಕಾರಣಗಳ ಬರವೆಲ್ಲಿ?

ಈ ಕಾರಣದಿಂದಲೇ 2011ರಲ್ಲಿ ಸಂಸತ್ತು ಅಂಗೀಕರಿಸಿದ ಸಂವಿಧಾನದ 97ನೆಯ ತಿದ್ದುಪಡಿಯು, ಆಡಳಿತ ಮಂಡಲಿಯ ಅವಧಿ ಐದು ವರ್ಷ, ಅದು ಮುಗಿಯುವುದರೊಳಗೇ ಚುನಾವಣೆ ನಡೆಯತಕ್ಕದ್ದು ಎಂದು ವಿಧಿಸಿತು. ಇದಕ್ಕಿಂತ ಒಳ್ಳೆಯ ನಿಯಮ ಉಂಟೇ? ಆದರೂ 2021ರ ಜುಲೈಯಲ್ಲಿ ಸರ್ವೋಚ್ಚ ನ್ಯಾಯಾಲಯ, ಒಂದೇ ರಾಜ್ಯದೊಳಗಿನ ಸಂಘಗಳ ಮಟ್ಟಿಗೆ ಆ ಭಾಗವನ್ನು ರದ್ದುಮಾಡಿತು. ಬಹುರಾಜ್ಯ ಸಂಘಗಳಿಗೆ ಮಾತ್ರ ಉಳಿಸಿತು. ಸಹಕಾರಿ ಸಂಘಗಳು ರಾಜ್ಯದ ವಿಷಯ. ಅರ್ಧದಷ್ಟು ರಾಜ್ಯಗಳಾದರೂ ಅನುಮೋದಿಸಬೇಕಿತ್ತು, ಆ ಅನುಮೋದನೆ ಪಡೆದಿರಲಿಲ್ಲ. ಮೊದಲು ಓದಿದಾಗ ನನಗೆ ಸಿಟ್ಟು ಬಂತು. ಆಮೇಲೆ ನಾಚಿಕೆಯಾಯಿತು. ಉದ್ದೇಶ ಒಳ್ಳೆಯದು, ಕೇಳಬೇಕಾದವರನ್ನು ಕೇಳದಿದ್ದರೇನಂತೆ ಎಂಬುದು ನಮ್ಮ ಸಮಿತಿಯ ವಾದವೇ ಆಗಿತ್ತಲ್ಲ! ಸಂಸತ್ತಿಗೇ ಸಲ್ಲದ ರಿಯಾಯಿತಿ ನಮಗೆ ಹೇಗೆ ಸಂದೀತು?

ಹಾಗಾದರೆ ಆ ಹದಿನಾಲ್ಕು ತಿಂಗಳಲ್ಲಿ ನಾವು ರುಜು ಹಾಕಿದ ಚೆಕ್ಕುಗಳೆಲ್ಲ ಸುಳ್ಳೇ? ಕಾನೂನು ಇಲ್ಲಿ ವಿವೇಕ ತೋರಿದೆ. 1981ರ ಒಂದು ತೀರ್ಪಿನಲ್ಲಿ ಸರ್ವೋಚ್ಚ ನ್ಯಾಯಾಲಯ, ನೇಮಕವೇ ಅಸಿಂಧುವಾದ ನ್ಯಾಯಾಧೀಶರು ಅದಕ್ಕೆ ಮುಂಚೆ ಕೊಟ್ಟಿದ್ದ ತೀರ್ಪುಗಳು ಬಿದ್ದುಹೋಗುವುದಿಲ್ಲವೆಂದು ಹೇಳಿತು. ಆ ರಕ್ಷಣೆ ಕುರ್ಚಿಯಲ್ಲಿ ಕುಳಿತವನಿಗಾಗಿ ಅಲ್ಲ, ನಂಬಿ ಬಂದವನಿಗಾಗಿ. ಕಾವಲುಗಾರನಿಗೆ ಸಂಬಳ ಸಲ್ಲಬೇಕು. ಅದನ್ನು ತೋರಿಸಿ ನಾವು ನಮ್ಮ ಅಧಿಕಾರಕ್ಕೆ ಪ್ರಮಾಣಪತ್ರ ಬರೆದುಕೊಳ್ಳುವಂತಿಲ್ಲ.

ಮುಂದೂಡಿಕೆಯ ಕಾಲ ಖಾಲಿ ಕಾಲವೂ ಅಲ್ಲ. ಆಗ ಮತದಾರರ ಪಟ್ಟಿ ಬದಲಾಗಬಹುದು. ಕರ್ನಾಟಕದ್ದೇ ಒಂದು ಮೊಕದ್ದಮೆಯಲ್ಲಿ, 1997ರಲ್ಲಿ, ಸಂಘಕ್ಕೆ ನೇಮಕವಾದ ಆಡಳಿತಾಧಿಕಾರಿ ಹೊಸ ಸದಸ್ಯರನ್ನು ಸೇರಿಸುವಂತಿಲ್ಲ, ಇರುವ ಪಟ್ಟಿಯ ಮೇಲೆಯೇ ಚುನಾವಣೆ ನಡೆಸಬೇಕೆಂದು ಸರ್ವೋಚ್ಚ ನ್ಯಾಯಾಲಯ ಹೇಳಬೇಕಾಯಿತು.

ಇಂದಿರಾಪುರಂನ ಅನೇಕ ಸಮುಚ್ಚಯಗಳು ಸಹಕಾರಿ ಸಂಘಗಳಲ್ಲ, 2010ರ ಉತ್ತರ ಪ್ರದೇಶ ಅಪಾರ್ಟ್‌ಮೆಂಟ್ ಕಾಯ್ದೆಯ ಕೆಳಗೆ ಬರುವ ಮಾಲೀಕರ ಸಂಘಗಳು. ಬೇನೆ ಮಾತ್ರ ಅದೇ. 1860ರ ಸಂಘಗಳ ನೋಂದಣಿ ಕಾಯ್ದೆಗೆ ಈ ರಾಜ್ಯ ತಂದ ತಿದ್ದುಪಡಿಯ ಪ್ರಕಾರ, ಸಕಾಲದಲ್ಲಿ ಚುನಾವಣೆ ನಡೆಯದಿದ್ದರೆ ರಿಜಿಸ್ಟ್ರಾರರೇ ಸರ್ವಸದಸ್ಯರ ಸಭೆ ಕರೆಯಬಹುದು. ‘ಬಹುದು’ ಎಂಬ ಆ ಪದದಲ್ಲಿ ಎಷ್ಟು ತಿಂಗಳು ಅಡಗಿವೆಯೆಂಬುದು ಅರ್ಜಿ ಹಾಕಿದವರಿಗೇ ಗೊತ್ತು.

ನಮ್ಮ ಹಿರಿಯರೂ ಇನ್ನು ಕೆಲವರೊಡನೆ ಅರ್ಜಿಗೆ ರುಜು ಹಾಕಿದರು. ಅಂದಿನಿಂದ ನಮ್ಮ ಮನೆಗೆ ಬರುವುದನ್ನು ನಿಲ್ಲಿಸಿದರು, ನಾನೂ ಕರೆಯಲಿಲ್ಲ. ಯುಗಾದಿಯ ಹೋಳಿಗೆಯ ಡಬ್ಬಿ ಅತ್ತಿತ್ತ ಓಡಾಡುತ್ತಿದ್ದುದೂ ನಿಂತಿತು. ಕೊನೆಗೆ ಒತ್ತಡ ಹೆಚ್ಚಾಗಿ ನಾವೇ ಚುನಾವಣೆಯ ದಿನ ಗೊತ್ತುಮಾಡಿದೆವು. ಹಳೆಯ ಸಮಿತಿಯವರೇ ಹೆಚ್ಚಿನವರು ಗೆದ್ದರು. ಯಾರಿಗೂ ನಷ್ಟವಾಗಲಿಲ್ಲ ನೋಡಿ ಎಂದು ಗೆಳೆಯರು ಈಗಲೂ ಹೇಳುತ್ತಾರೆ.

ಪಟ್ಟಿಯಲ್ಲಿ ಹಿರಿಯರ ಹೆಸರಿರಲಿಲ್ಲ. ಮಗನಿಗೆ ಬೆಂಗಳೂರಿನಲ್ಲಿ ಕೆಲಸವಾಗಿ, ಚುನಾವಣೆಗೆ ಎರಡು ತಿಂಗಳು ಮುಂಚೆ ಮನೆ ಮಾರಿ ಹೋಗಿದ್ದರು. ಮಾರಾಟಕ್ಕೆ ಸಂಘದ ನಿರಾಕ್ಷೇಪಣಾ ಪತ್ರ ಬೇಕಿತ್ತು. ಅದಕ್ಕೆ ರುಜು ಹಾಕಿದವನು ನಾನೇ. ಆ ರುಜುವಿನ ತಾರೀಖಿಗೆ ನಮ್ಮ ಅವಧಿ ಮುಗಿದು ಒಂದು ವರ್ಷವಾಗಿತ್ತು.