ಹುಗ್ಗಿಯ ಪಾತೇಲಿಗೂ ಒಂದು ಕೌದಿ

ಎಳ್ಳ ಅಮಾವಾಸ್ಯೆ, ಸಂಕ್ರಮಣ, ಬನದ ಹುಣ್ಣಿಮೆ ಒಂದರ ಹಿಂದೊಂದು ಬರುವ ಈ ಚಳಿಯ ದಿನಗಳಲ್ಲಿ ಬೈಲಹೊಂಗಲ, ಕಿತ್ತೂರು, ಸವದತ್ತಿ, ರಾಮದುರ್ಗದ ಮನೆಗಳಲ್ಲಿ ಗೋಧಿ ಹುಗ್ಗಿಯ ಮಾತು ಏಳದೆ ಇರುವುದಿಲ್ಲ. ಹುಗ್ಗಿಗೆ ಸದಕ ಗೋಧಿಯೇ ಆಗಬೇಕು ಎನ್ನುವ ಹಿರಿಯರು ಇನ್ನೂ ಇದ್ದಾರೆ. ಅದರ ಕಾಳಿಗೆ ಹೊಟ್ಟು ಬಿಗಿಯಾಗಿ ಅಂಟಿರುತ್ತದೆ. ಕುಟ್ಟಿ ಬಿಡಿಸಬೇಕು, ರಾತ್ರಿ ನೆನೆಹಾಕಬೇಕು, ಮರುದಿನ ಸಣ್ಣ ಉರಿಯಲ್ಲಿ ಕಾಳು ಅರಳುವ ತನಕ ಬೇಯಿಸಬೇಕು. ಆಮೇಲೆ ಹೊಸ ಬೆಲ್ಲ, ಒಣಕೊಬ್ಬರಿ, ಗಸಗಸೆ, ಯಾಲಕ್ಕಿ, ಒಣಶುಂಠಿ. ತಾಟಿಗೆ ಬಿದ್ದ ಮೇಲೆ ಹಾಲು, ತುಪ್ಪ. ಇಷ್ಟರಲ್ಲಿ ಅವಸರ ಮಾಡಲೇಬಾರದ ಜಾಗ ಒಂದಿದೆ, ಅದು ಬೆಲ್ಲ. ಕಾಳು ಪೂರ್ತಿ ಬೇಯುವ ಮುನ್ನ ಬೆಲ್ಲ ಬಿದ್ದರೆ ಕಾಳು ಮುಂದೆ ಮೆತ್ತಗಾಗುವುದಿಲ್ಲ, ಎಷ್ಟು ಉರಿ ಹಾಕಿದರೂ ಅಷ್ಟೆ.

ಚಳಿನಾಡುಗಳ ಅಡುಗೆಮನೆಗೂ ಈ ಗುಟ್ಟು ಗೊತ್ತು. ಜರ್ಮನಿಯಲ್ಲಿ ಚಳಿಗಾಲಕ್ಕೆ ಮಸೂರ, ಬಟಾಟಿ, ಗಜ್ಜರಿ ಎಲ್ಲ ಒಂದೇ ಪಾತ್ರೆಯಲ್ಲಿ ನಿಧಾನವಾಗಿ ಬೇಯುತ್ತವೆ. ಹುಳಿಗೆಂದು ಹಾಕುವ ವಿನೆಗರ್ ಮಾತ್ರ ಕಟ್ಟಕಡೆಗೆ, ಇಲ್ಲವಾದರೆ ಕಾಳು ಗಟ್ಟಿ ಉಳಿಯುತ್ತದೆ. ನಮ್ಮ ಸದಕವನ್ನು ಅವರೂ ಒಂದು ಕಾಲಕ್ಕೆ ಬೆಳೆದವರೇ, ಅಲ್ಲಿ ಅದರ ಹೆಸರು ಎಮ್ಮರ್. ಜರ್ಮನರೇನು ನಮಗೆ ತೀರ ಹೊಸಬರಲ್ಲ, ಕಿತ್ತೂರಿನ ಪಕ್ಕದ ಧಾರವಾಡಕ್ಕೆ ಬಾಸೆಲ್ ಮಿಷನ್ನಿನ ಜರ್ಮನ್ ಪಾದ್ರಿಗಳು 1837ರಲ್ಲೇ ಬಂದಿದ್ದರು. ಇನ್ನು ಚೀನಾದ ಅಡುಗೆ ಎಂದರೆ ನಮ್ಮ ಪೇಟೆಯಲ್ಲಿ ಗಾಡಿಯ ಮೇಲಿನ ಗೋಬಿ ಮಂಚೂರಿ. ಅದು ದೊಡ್ಡ ಉರಿಯ, ಐದು ನಿಮಿಷದ ಕೆಲಸ. ಚೀನೀಯರ ಚಳಿಗಾಲದ ಊಟ ಬೇರೆಯೇ ಇದೆ. ಅವರ ಪಂಚಾಂಗದ ಹನ್ನೆರಡನೆಯ ತಿಂಗಳ ಎಂಟನೆಯ ದಿನ, ಅಂದರೆ ಎಷ್ಟೋ ವರ್ಷ ನಮ್ಮ ಬನದ ಹುಣ್ಣಿಮೆಗೆ ಒಂದು ವಾರ ಮೊದಲು, ಅಕ್ಕಿ, ನವಣೆ, ಹೆಸರು, ಶೇಂಗಾ, ಖರ್ಜೂರದಂಥ ಹಣ್ಣು ಕೂಡಿಸಿ ಲಾಬಾ ಎಂಬ ಗಂಜಿ ಕಾಯಿಸುತ್ತಾರೆ. ಬೌದ್ಧ ವಿಹಾರಗಳಲ್ಲಿ ಅಂದು ದೊಡ್ಡ ಹಂಡೆಗಳಲ್ಲಿ ಬೇಯಿಸಿ ಬಂದವರಿಗೆಲ್ಲ ಹಂಚುವುದುಂಟು.

ನಮ್ಮ ಮಠಗಳ ದಾಸೋಹವನ್ನು ಕಂಡವರಿಗೆ ಈ ಚಿತ್ರ ಪರಿಚಿತ. ಜಾತ್ರೆಯ ದಿನ ಕೊಪ್ಪರಿಗೆಯ ಸುತ್ತ ನಿಂತು ಹುಗ್ಗಿ ತಿರುವುವವರು ಗಂಡಸರು, ಧೋತರ ಮೇಲೆ ಕಟ್ಟಿ, ಬೆವರು ಒರೆಸಿಕೊಳ್ಳುತ್ತ. ಅದೇ ಗಂಡಸರು ಮನೆಗೆ ಬಂದರೆ ಒಲೆಯ ಕಡೆ ಹೋಗುವುದು ಅಪರೂಪ. ನಿಧಾನದ ಅಡುಗೆಯ ರುಚಿಯನ್ನು ನಾವೆಲ್ಲ ಕೊಂಡಾಡುತ್ತೇವೆ. ಆ ನಿಧಾನ ಯಾರ ಸಮಯದ ಖರ್ಚು ಎಂದು ಕೇಳುವುದಿಲ್ಲ. ಎರಡು ತಾಸು ಒಲೆ ಕಾಯುವ ಅವ್ವನಿಗೂ ಹೊರಗೆ ಬಿಸಿಲಲ್ಲಿ ಕುಳಿತು ನಾಲ್ಕು ಮಾತಾಡುವ ಆಸೆ ಇರುತ್ತದೆ. ಸೇವೆ ಎಂಬುದು ಮಠಕ್ಕೆ ಒಂದು, ಮನೆಗೆ ಒಂದು ಎಂದಾಗಬಾರದು.

ಇದಕ್ಕೆ ಜರ್ಮನರಿಂದಲೇ ಒಂದು ಉಪಾಯ ಕಡ ತರಬಹುದು. ಒಂದನೆಯ ಮಹಾಯುದ್ಧದಲ್ಲಿ ಉರುವಲಿಗೆ ಬರ ಬಂದಾಗ ಅಲ್ಲಿಯ ಗೃಹಿಣಿಯರು ಪಾತ್ರೆಯನ್ನು ಚೆನ್ನಾಗಿ ಕುದಿಸಿ, ಒಣಹುಲ್ಲು ತುಂಬಿದ ಮರದ ಪೆಟ್ಟಿಗೆಯಲ್ಲಿ ಮುಚ್ಚಿಡುತ್ತಿದ್ದರು. ಬಿಸಿ ಹೊರಹೋಗದೆ ಅಡುಗೆ ತಾನೇ ಬೇಯುತ್ತಿತ್ತು. ಪೆಟ್ಟಿಗೆ ನಮಗೇಕೆ? ಹಳೆಯ ಕೌದಿ ಇಲ್ಲದ ಮನೆ ಈ ಸೀಮೆಯಲ್ಲಿ ಸಿಗುವುದು ಕಷ್ಟ. ನೆನೆದ ಗೋಧಿಗೆ ಚೀನೀಯರಂತೆ ಒಂದು ಹಿಡಿ ಹೆಸರುಕಾಳು, ಒಂದು ಹಿಡಿ ಶೇಂಗಾ ಸೇರಿಸಿ, ದಪ್ಪ ತಳದ ಪಾತೇಲಿಯಲ್ಲಿ ಹದಿನೈದು-ಇಪ್ಪತ್ತು ನಿಮಿಷ ಭರ್ತಿ ಕುದಿಸಿ. ಒಲೆ ಆರಿಸಿ, ಪಾತೇಲಿಯನ್ನು ಒಲೆಯಿಂದ ದೂರ ಇಳಿಸಿ, ಮುಚ್ಚಳ ತೆಗೆಯದೆ ಕೌದಿಯಲ್ಲಿ ಗಟ್ಟಿಯಾಗಿ ಸುತ್ತಿಡಿ. ಪಾತೇಲಿ ತುಂಬಿದಷ್ಟೂ ಬಿಸಿ ಹೆಚ್ಚು ಹೊತ್ತು ನಿಲ್ಲುತ್ತದೆ. ಮೂರು ತಾಸಿನ ಮೇಲೆ ತೆಗೆದು ಮತ್ತೆ ಒಂದು ಕುದಿ ಬರಿಸಿ, ಕಾಳು ಹಿಚುಕಿ ನೋಡಿ, ಅರಳಿದ್ದರೆ ಬೆಲ್ಲ ಹಾಕಿ. ನಾಲ್ಕು ಖರ್ಜೂರ ಹೆಚ್ಚಿ ಹಾಕಿದರೂ ಯಾರೂ ಬೇಡವೆನ್ನುವುದಿಲ್ಲ. ಬೆಲ್ಲ ಬಿದ್ದ ಮೇಲೆ ಮಾತ್ರ ಕೈ ಬಿಡುವಂತಿಲ್ಲ, ತಳ ಹಿಡಿಯುತ್ತದೆ, ಸುಮಾರು ಹೊತ್ತು ತಿರುವುತ್ತಲೇ ಇರಬೇಕು. ಆ ಕೆಲಸವನ್ನು ಈ ಬನದ ಹುಣ್ಣಿಮೆಗೆ ಮನೆಯ ಗಂಡಸರ ಕೈಗೆ ಕೊಟ್ಟು ನೋಡಿ.