ಎಣಿಸಲು ಒಬ್ಬನಿದ್ದ

ಐಹೊಳೆಯ ಮೇಗುಟಿ ಗುಡ್ಡ ಹತ್ತಿದರೆ, ಜಿನಾಲಯದ ಪೂರ್ವದ ಗೋಡೆಯಲ್ಲಿ ರವಿಕೀರ್ತಿಯ ಶಾಸನವಿದೆ. ಇಮ್ಮಡಿ ಪುಲಕೇಶಿಯ ದಿಗ್ವಿಜಯಕ್ಕೆಂದೇ ಎಲ್ಲರೂ ಅದನ್ನು ನೆನೆಯುತ್ತಾರೆ. ನನಗೆ ಸೋಜಿಗ ಅದರ ಕಾಲಗಣನೆ. ಶಕವರ್ಷ 556 ಎಂದಷ್ಟೇ ಹೇಳಿ ಕವಿ ಸುಮ್ಮನಾಗಬಹುದಿತ್ತು. ಭಾರತ ಯುದ್ಧವಾಗಿ 3735 ವರ್ಷವಾಯಿತೆಂದೂ ಎಣಿಸಿದ. ಹದಿನೆಂಟು ಅಕ್ಷೋಹಿಣಿ ಅಳಿದ ಕಾಲವನ್ನೇ ಮೊದಲ ಗೆರೆ ಮಾಡಿಕೊಂಡು, ಗುಡಿ ಎದ್ದ ವರ್ಷಕ್ಕೆ ಬಂದು ನಿಂತ.

ಅದು ಕ್ರಿ.ಶ. 634. ಎಂಟೇ ವರ್ಷಕ್ಕೆ, 642ರಲ್ಲಿ, ಪಲ್ಲವರ ನರಸಿಂಹವರ್ಮ ಪುಲಕೇಶಿಯ ರಾಜಧಾನಿ ಬಾದಾಮಿಯನ್ನು ಗೆದ್ದ. ಅಲ್ಲಿನ ಬಂಡೆಯ ಮೇಲೆ ತನ್ನ ಶಾಸನವನ್ನೂ ಕೆತ್ತಿಸಿದ. ಅದೇ ಊರಿನಲ್ಲಿ ಚಾಲುಕ್ಯರ ಮಂಗಳೇಶ 578ರಲ್ಲಿ ಮಾಡಿಸಿದ ಗುಹೆಯಲ್ಲಿ ವಿಷ್ಣು ಮಾತ್ರ ಅನಂತನ ಸುರುಳಿಯ ಮೇಲೆ ಇಂದಿಗೂ ಕೂತೇ ಇದ್ದಾನೆ. ಸೋತವರಿಗೂ ಗೆದ್ದವರಿಗೂ ಉಳಿ ಹಿಡಿಯುವ ಕೈಯೊಂದು ಬೇಕಿತ್ತು. ಆ ಕೈ ಉಳಿದಿತ್ತು.

ಆ ಕೈಯೇ ಉಳಿಯದಿದ್ದರೆ? ಅಣುಯುದ್ಧದ ಭಯ ಹುಟ್ಟುವುದು ಇಲ್ಲೇ. 1945ರ ಆಗಸ್ಟ್ 6, ಬೆಳಗಿನ 8.15. ಹಿರೋಷಿಮಾದ ಬ್ಯಾಂಕೊಂದರ ಕಲ್ಲುಮೆಟ್ಟಿಲ ಮೇಲೆ ಕೂತಿದ್ದವರೊಬ್ಬರ ನೆರಳು ಆ ಕಲ್ಲಿನಲ್ಲೇ ಉಳಿಯಿತು. ಉಳಿಯಿಲ್ಲ, ಶಿಲ್ಪಿಯಿಲ್ಲ, ಹೆಸರಿಲ್ಲ. ಕಲ್ಲಿಗೆ ನೆನಪಿದೆ, ಓದುವವರೇ ಇಲ್ಲವಾದರೆ?

ಸ್ಫೋಟವಾದ ಕೆಲವೇ ದಿನಗಳಲ್ಲಿ ಆ ಊರಿಗೆ ಹೋದ ಚಿತ್ರಕಾರ ದಂಪತಿ ಇರಿ ಮತ್ತು ತೋಷಿ ಮಾರುಕಿ ಮೂರು ದಶಕ ಕೂತು ಹದಿನೈದು ಭಾರೀ ಚಿತ್ರಫಲಕಗಳನ್ನು ಬರೆದರು. ತಮ್ಮವರನ್ನಷ್ಟೇ ಅಲ್ಲ, ಸತ್ತ ಕೊರಿಯನ್ನರನ್ನೂ ಅಮೆರಿಕದ ಸೆರೆಯಾಳುಗಳನ್ನೂ ಲೆಕ್ಕಕ್ಕೆ ತೆಗೆದುಕೊಂಡರು. ಬಾಂಬನ್ನು ತಡೆಯುವ ಶಕ್ತಿ ಕುಂಚಕ್ಕಿಲ್ಲ. ಆದರೆ ಒಂದೂ ಜೀವ ಲೆಕ್ಕ ತಪ್ಪದಂತೆ ನೋಡಿಕೊಳ್ಳುವ ಹಟ ಅದಕ್ಕಿದೆ.

ಐಹೊಳೆಯಿಂದ ಬಹು ದೂರವೇನಲ್ಲದ ಇಳಕಲ್ಲಿನಲ್ಲಿ ನೇಕಾರರು ಸೀರೆಯ ಒಡಲಿನ ಎಳೆಗೂ ಸೆರಗಿನ ಎಳೆಗೂ ಒಂದೊಂದಾಗಿ ಕೊಂಡಿ ಹಾಕಿ ಜೋಡಿಸುತ್ತಾರೆ. ಒಂದು ತಪ್ಪಿದರೂ ನೇಯ್ಗೆಯಲ್ಲಿ ಕಾಣುತ್ತದೆ. ರವಿಕೀರ್ತಿ ಮಾಡಿದ್ದೂ ಅದನ್ನೇ: ಮಹಾನಾಶದಿಂದ ತನ್ನ ದಿನದವರೆಗೆ ವರ್ಷಕ್ಕೆ ವರ್ಷ ಕೊಂಡಿ ಹಾಕಿದ.

ಮೇಗುಟಿಗೆ ಹೋದಾಗ ಆ ಗೋಡೆಯ ಮುಂದೆ ಒಂದು ಗಳಿಗೆ ನಿಲ್ಲಿ. 3735ಕ್ಕೆ 634ರಿಂದೀಚಿನ ವರ್ಷಗಳನ್ನು ನೀವೇ ಕೂಡಿಸಿ. ಕೂಡಿಸಲು ಇವತ್ತಿಗೂ ಒಬ್ಬರು ಉಳಿದಿದ್ದಾರೆ.