ದ್ವೇಷವಿಲ್ಲದವನ ಹೊಣೆ

ಯಾರನ್ನೂ ದ್ವೇಷಿಸದ ಸಜ್ಜನನೂ ಅನ್ಯಾಯದಲ್ಲಿ ಪಾಲುಗಾರನಾಗಿರಲು ಸಾಧ್ಯವೇ? ನೀತಿವಿಚಾರದ ಈ ಪ್ರಶ್ನೆಯನ್ನು ಅಮೆರಿಕದ ಸಮಾಜಶಾಸ್ತ್ರಜ್ಞ ಮೈಕೇಲ್ ಎಮರ್ಸನ್ ಅವರ ಗ್ರಂಥಗಳು ತೀಕ್ಷ್ಣವಾಗಿ ಎತ್ತುತ್ತವೆ. ಕ್ರಿಶ್ಚಿಯನ್ ಸ್ಮಿತ್ ಅವರೊಡಗೂಡಿ ಅವರು ರಚಿಸಿದ 'ಡಿವೈಡೆಡ್ ಬೈ ಫೇತ್' 2000ದಲ್ಲಿ ಪ್ರಕಟವಾಯಿತು.

ಆ ದೇಶದ ಧರ್ಮಜೀವನದಲ್ಲಿ ವರ್ಣಭೇದದ ಬಿರುಕು ಹಳೆಯದು. ಫಿಲಡೆಲ್ಫಿಯಾದ ಚರ್ಚೊಂದರಲ್ಲಿ ಮೊಣಕಾಲೂರಿ ಪ್ರಾರ್ಥಿಸುತ್ತಿದ್ದ ಕಪ್ಪು ಜನರನ್ನು ಎಬ್ಬಿಸಲೆತ್ನಿಸಿದಾಗ ರಿಚರ್ಡ್ ಅಲೆನ್ ಮತ್ತು ಸಂಗಡಿಗರು ಹೊರನಡೆದರು. ಅವರ ನೇತೃತ್ವದಲ್ಲಿ 1816ರಲ್ಲಿ ಆಫ್ರಿಕನ್ ಮೆಥಡಿಸ್ಟ್ ಎಪಿಸ್ಕೋಪಲ್ ಚರ್ಚು ಸ್ಥಾಪಿತವಾಯಿತು. ಗುಲಾಮರನ್ನು ಇಟ್ಟುಕೊಂಡವರು ಧರ್ಮಪ್ರಚಾರಕರಾಗಬಹುದೇ ಎಂಬ ವಿವಾದದಿಂದ ದಕ್ಷಿಣದ ಬ್ಯಾಪ್ಟಿಸ್ಟರು 1845ರಲ್ಲಿ ಬೇರೆಯಾದರು. ಅದಕ್ಕಾಗಿ ಆ ಸಂಸ್ಥೆ ಕ್ಷಮೆ ಯಾಚಿಸಿದ್ದು 1995ರಲ್ಲಿ, ನೂರೈವತ್ತು ವರ್ಷಗಳ ತರುವಾಯ.

ಎಮರ್ಸನ್ ಮತ್ತು ಸ್ಮಿತ್ ದೂರವಾಣಿ ಮೂಲಕ ಎರಡು ಸಾವಿರಕ್ಕೂ ಹೆಚ್ಚು ಜನರನ್ನು ವಿಚಾರಿಸಿದರು. ಸುಮಾರು ಇನ್ನೂರು ಇವ್ಯಾಂಜಲಿಕಲ್ ಕ್ರೈಸ್ತರೊಡನೆ ಮುಖತಃ ಮಾತನಾಡಿದರು. ಅವರಿಗೆ ಕಂಡದ್ದು ದ್ವೇಷವಲ್ಲ, ಸದ್ಭಾವನೆ. ಆದರೆ ಬಿಳಿಯರಲ್ಲಿ ಹೆಚ್ಚಿನವರು ವರ್ಣಸಮಸ್ಯೆಯನ್ನು ವ್ಯಕ್ತಿ-ವ್ಯಕ್ತಿಗಳ ನಡುವಿನ ವೈಮನಸ್ಯವೆಂದೇ ತಿಳಿದಿದ್ದರು. ಹೃದಯ ಪರಿವರ್ತನೆಯಾದರೆ, ಸ್ನೇಹ ಬೆಳೆದರೆ ಸಾಕು ಎಂಬುದು ಅವರ ನಂಬಿಕೆ. ಅದೇ ಬೈಬಲ್ ಓದುವ ಕಪ್ಪು ಜನರಾದರೋ ಶಾಲೆ, ವಸತಿ, ಉದ್ಯೋಗಗಳಲ್ಲಿ ನೆಲೆಗೊಂಡ ಅಸಮತೆಯತ್ತ ಬೆರಳು ಮಾಡಿದರು. ಕಪ್ಪು ಜನರ ನಡುವೆ ಬಾಳಿದ ಬಿಳಿಯರಿಗೂ ಈ ಅಸಮತೆ ಕಾಣುತ್ತಿತ್ತು, ದೂರವಿದ್ದವರಿಗೆ ಕಾಣುತ್ತಿರಲಿಲ್ಲ.

ಹಾಗಾದರೆ ಧರ್ಮಸಭೆಗಳ ಪಾತ್ರವೇನು? ಪ್ರತಿಯೊಬ್ಬನೂ ತನಗೆ ಹಿತವೆನಿಸುವ ಸಭೆಯನ್ನು ಆರಿಸಿಕೊಳ್ಳುತ್ತಾನೆ. ಸ್ನೇಹ, ವಿವಾಹಸಂಬಂಧ, ಕೆಲಸದ ಸುದ್ದಿ, ಕಷ್ಟಕಾಲದ ನೆರವು ಎಲ್ಲವೂ ಆ ವಲಯದೊಳಗೇ ಹರಿಯುತ್ತವೆ. ಕೇಡು ಬಯಸಿದವರು ಒಬ್ಬರೂ ಇಲ್ಲ. ಆದರೂ ಉಳ್ಳವರ ಅನುಕೂಲ ಉಳ್ಳವರಲ್ಲೇ ನಿಲ್ಲುತ್ತದೆ.

ಪೂರ್ವಿಕರ ಪಾಪಕ್ಕೆ ಇಂದಿನವರನ್ನು ಹೊಣೆ ಮಾಡುವುದು ನ್ಯಾಯವೇ ಎಂಬ ಆಕ್ಷೇಪವುಂಟು. ಆಕ್ಷೇಪದಲ್ಲಿ ಹುರುಳಿದೆ, ದೋಷ ಮಾಡಿದವನದೇ. ಆದರೆ ದೋಷ ಬೇರೆ, ಋಣ ಬೇರೆ. ತಂದೆಯ ಅಂಗಡಿಯನ್ನು ವಹಿಸಿಕೊಂಡವನು ಆರಂಭದ ಶಿಲ್ಕನ್ನು ಮಾತ್ರ ಬರೆದುಕೊಂಡು, ಕೊಡತಕ್ಕ ಬಾಕಿಯನ್ನು ಬಿಟ್ಟರೆ ಆ ಲೆಕ್ಕ ಸುಳ್ಳಾಗುತ್ತದೆ. ಅಮೆರಿಕದಲ್ಲಿ 1934ರಲ್ಲಿ ಸ್ಥಾಪಿತವಾದ ಸರಕಾರಿ ವಸತಿ ಇಲಾಖೆಯು ಮನೆಸಾಲಗಳಿಗೆ ವಿಮಾ ಭದ್ರತೆ ನೀಡುವಾಗ ಕಪ್ಪು ಜನರ ಬಡಾವಣೆಗಳನ್ನು ಹೊರಗಿಟ್ಟಿತು. ವಸತಿಭೇದವನ್ನು ನಿಷೇಧಿಸುವ ಕಾನೂನು ಬಂದದ್ದು 1968ರಲ್ಲಿ. ಈ ನಡುವೆ ಒಂದು ಕುಟುಂಬಕ್ಕೆ ಬೆಲೆ ಏರುವ ಮನೆ ದೊರೆಯಿತು, ಇನ್ನೊಂದಕ್ಕೆ ಬಾಡಿಗೆಯ ರಸೀತಿ. ಮೊಮ್ಮಕ್ಕಳು ನಿರ್ದೋಷಿಗಳಾದರೂ ಲೆಕ್ಕದ ಪುಸ್ತಕ ಮುಂದುವರಿದೇ ಇದೆ.

ಪರಿಹಾರವನ್ನು ಎಮರ್ಸನ್ ಮೊದಲು ಮಿಶ್ರ ಸಭೆಗಳಲ್ಲಿ ಹುಡುಕಿದರು. ಯಾವುದೇ ಒಂದು ಜನಾಂಗ ಶೇಕಡ 80ನ್ನು ಮುಟ್ಟದ ಸಭೆಗೆ ಆ ಹೆಸರು. 2006ರ 'ಪೀಪಲ್ ಆಫ್ ದ ಡ್ರೀಮ್' ಇಂಥವುಗಳ ಅಧ್ಯಯನ. ಅವುಗಳ ಪ್ರಮಾಣ 1998ರಲ್ಲಿ ಶೇಕಡ 6ರಷ್ಟಿದ್ದು 2019ರಲ್ಲಿ 16ಕ್ಕೆ ಏರಿತು. ಆದರೆ ಗ್ಲೆನ್ ಬ್ರೇಸಿಯವರೊಡನೆ 2024ರಲ್ಲಿ ಬರೆದ 'ದ ರಿಲಿಜನ್ ಆಫ್ ವೈಟ್‌ನೆಸ್'ನಲ್ಲಿ ಅವರ ನಿಲುವು ಕಠಿಣವಾಗಿದೆ: ಅನೇಕ ಬಿಳಿಯ ಕ್ರೈಸ್ತರಿಗೆ ಬಿಳಿತನವೇ ಧರ್ಮದ ಸ್ಥಾನವನ್ನು ಪಡೆದಿದೆ ಎನ್ನುತ್ತಾರೆ. ಒಂದೇ ಛಾವಣಿಯಡಿ ಕುಳಿತ ಮಾತ್ರಕ್ಕೆ ಸಮತೆ ಸಿದ್ಧಿಸದು.

ಹೃದಯಶುದ್ಧಿ ವ್ಯರ್ಥವೆಂದು ಇದರ ಅರ್ಥವಲ್ಲ. ಶುದ್ಧ ಹೃದಯವಿಲ್ಲದೆ ಬಾಕಿಯನ್ನು ಒಪ್ಪಿಕೊಳ್ಳುವವರು ಯಾರು? ಆದರೆ ಆ ಶುದ್ಧಿಯು 'ನಾನು ಯಾರಿಗೂ ಕೆಟ್ಟದ್ದು ಮಾಡಿಲ್ಲ' ಎಂಬ ತೃಪ್ತಿಯಲ್ಲಿ ನಿಂತುಬಿಟ್ಟರೆ ಅಪೂರ್ಣ. ತಾನು ಮಾಡಿದುದರ ಜೊತೆಗೆ, ಮೌನವಾಗಿ ಅನುಮೋದಿಸಿ ಅನುಭವಿಸುತ್ತಿರುವುದನ್ನೂ ಪರಿಶೀಲಿಸುವವನೇ ನಿಜವಾದ ವಿವೇಕಿ.